ಹಿಮ ಬಿದ್ದರಷ್ಟೇ ಕಥೆ

ನಮ್ಮ ಮಹಡಿ ಮೇಲಿನ ಆಂಟಿಯಷ್ಟು ಜಿಪುಣ ಕಥೆಗಾರ್ತಿಯನ್ನು ನಾನು ಬೇರೆಲ್ಲೂ ಕಂಡಿಲ್ಲ! ಕೆನಡಾದ ದೊಡ್ಡ ಸರೋವರಗಳ ಸೀಮೆಯವರು. ಅಲ್ಲಿನ ಮೂಲನಿವಾಸಿಗಳಾದ ಅನಿಶಿನಾಬೆ ಜನ. ಇಲ್ಲಿ ಒಮಾನಿನ ಅಲ್ ಖೌದ್‌ನ ಕಾಲೇಜೊಂದಕ್ಕೆ ಚಿತ್ರಕಲೆ ಕಲಿಸಲು ಬಂದವರು. ಕಥೆ ಹೇಳುವುದರಲ್ಲೂ ಗಟ್ಟಿಗರಂತೆ. ಸರಿ, ಕಟ್ಟಡದ ಮಕ್ಕಳೆಲ್ಲ ಹೋಗಿ ಮುತ್ತಿಕೊಂಡರೆ ಏನೆನ್ನಬೇಕು? "ನಮ್ಮ ಹಳೆಯ ಕಥೆಗಳನ್ನು ನೆಲದ ಮೇಲೆ ಹಿಮ ಬಿದ್ದಾಗ ಮಾತ್ರ ಹೇಳುವುದು!"

ಮಸ್ಕತ್ತಿನಲ್ಲಿ ಹಿಮ!

"ಕಥೆ ಬರುದಿಲ್ಲ ಅಂತ ಹೇಳಿದ್ರೆ ಆಗ್ತಿತ್ತಲ್ಲ ಮಾರಾಯ್ತಿ, ಇಷ್ಟು ಸುತ್ತು ಎಂತಕ್ಕೆ?" ಎಂದು ನನ್ನ ಗಂಡ ನಕ್ಕರು.

ಮಕ್ಕಳು ಸೋಲುತ್ತಾರೆಯೇ? ಮರುದಿನ ನನ್ನ ಮಗಳು ನಮ್ಮ ಫ್ರೀಜರ್ ಕೆರೆದು, ಬಟ್ಟಲು ತುಂಬ ಮಂಜು ಒಯ್ದು ಆಂಟಿಯ ಬಾಗಿಲ ಮುಂದೆ ಸುರಿದಳು. "ಆಂಟಿ, ಸ್ನೋ!"

ಆಂಟಿ ಬಗ್ಗಿ, ಗಂಭೀರವಾಗಿ ಪರೀಕ್ಷಿಸಿದರು. "ಹಳೆಯ ಕಥೆಗಳಿಗೆ ಇದು ಸಾಲದು. ನಾನೇ ಕಟ್ಟಿದ್ದೊಂದು ಹೇಳುತ್ತೇನೆ, ಇದು ಕರಗುವವರೆಗೆ." ಜೂನ್ ತಿಂಗಳು! ಕಥೆಯ ಮೊಲ ಪೊದೆಯಿಂದ ಹೊರಗೆ ಬರುವಷ್ಟರಲ್ಲಿ ನೆಲ ಒಣಗಿತ್ತು. ಆ ವಾರವೆಲ್ಲ ಮಕ್ಕಳು ಫ್ರೀಜರ್ ತೆರೆದು ತೆರೆದು, ನನ್ನ ಅಂಜಲ್ ಮೀನು ಖಲಾಸ್!

ಇನ್ನೊಮ್ಮೆ ಶಾಲೆಯಲ್ಲಿ 'ಜಗತ್ತಿನ ಜನ' ಎಂಬ ವೇಷಭೂಷಣ ಸ್ಪರ್ಧೆ ಬರುವುದಿತ್ತು. ಮಗಳು ತಲೆಗೆ ಬಣ್ಣದ ಗರಿಗಳ ಕಿರೀಟ ಕಟ್ಟಿಕೊಂಡು, "ಆಂಟಿ, ಐ ಆ್ಯಮ್ ಯೂ!" ಎಂದು ಅವರ ಮುಂದೆ ಕುಣಿದಳು. ನನಗೆ ಭೂಮಿ ಬಿರಿಯಬಾರದೇ ಎನ್ನಿಸಿತು.

ಆಂಟಿ ಸಿಟ್ಟಾಗಲಿಲ್ಲ. "ನಾನು ತರಕಾರಿ ತರಲು ಇದನ್ನು ಕಟ್ಟಿಕೊಂಡು ಹೋದದ್ದನ್ನು ನೋಡಿದ್ದೀಯಾ?"

"ನೋ..."

"ನಮ್ಮಲ್ಲಿ ಗರಿಯೆಂದರೆ ಗೌರವ. ಅದನ್ನು ಗಳಿಸಬೇಕು. ನೀನು ಏನು ಮಾಡಿ ಗಳಿಸಿದೆ?"

ಮಗಳು ಯೋಚಿಸಿ ಹೇಳಿದಳು, "ಗಮ್ ಹಾಕಿ ಅಂಟಿಸಿದೆ."

ಆಂಟಿ ನಕ್ಕೂ ನಕ್ಕೂ ಗೋಡೆ ಹಿಡಿದುಕೊಂಡರು. ಆದರೆ ಮರುದಿನ ಬೆಳಿಗ್ಗೆ ಶಾಲೆಗೆ ಹೋಗಿ ಮುಖ್ಯೋಪಾಧ್ಯಾಯಿನಿಯ ಎದುರು ಕೂತರು. ದನಿ ಏರಿಸಲಿಲ್ಲ, ಏಳಲೂ ಇಲ್ಲ. ಕೊನೆಗೆ ಸ್ಪರ್ಧೆ ರದ್ದಾಯಿತು. ಬದಲಿಗೆ ಆಂಟಿ ಒಂದು ವಾರ ಮಕ್ಕಳನ್ನು ಕೂರಿಸಿಕೊಂಡು, ಅವರವರ ಅಜ್ಜಿಯಂದಿರ ಕಥೆಗಳಿಗೆ ಚಿತ್ರ ಬರೆಸಿದರು.

ಇಷ್ಟೆಲ್ಲ ಹಟ ಎಲ್ಲಿಂದ ಬಂತು ಎಂದು ನನಗೆ ಗೊತ್ತಾದದ್ದು ಒಂದು ಸಂಜೆ, ಗೋಳಿಬಜೆ ಕೊಡಲು ಮೇಲೆ ಹೋದಾಗ. ಆಂಟಿ ಫೋನ್ ಹಿಡಿದು, ಒಂದನೇ ಕ್ಲಾಸಿನ ಮಗುವಿನಂತೆ ತಡವರಿಸುತ್ತ ಏನೋ ಹೇಳುತ್ತಿದ್ದರು. ಕಣ್ಣು ಒದ್ದೆ.

"ನನ್ನ ಅಮ್ಮ," ಎಂದರು ಫೋನ್ ಇಟ್ಟು. "ಚಿಕ್ಕವಳಿದ್ದಾಗ ಅವಳನ್ನು ಸರ್ಕಾರದವರು ಹಾಸ್ಟೆಲ್ ಶಾಲೆಗೆ ಎಳೆದೊಯ್ದರು. ನಮ್ಮ ಭಾಷೆ ಆಡಿದರೆ ಹೊಡೆತ. ಆ ಹೆದರಿಕೆಗೆ ನನಗೂ ಕಲಿಸಲಿಲ್ಲ. ಈಗ ಇಬ್ಬರೂ ಒಟ್ಟಿಗೆ ಕಲಿಯುತ್ತಿದ್ದೇವೆ. ಇವತ್ತು ಮೊದಲ ಸಲ ನಮ್ಮ ಭಾಷೆಯಲ್ಲಿ ನನ್ನನ್ನು 'ಮಗಳೇ' ಎಂದಳು."

"ನೀವು ಏನೆಂದಿರಿ?" ಎಂದು ಕೇಳಿದೆ.

ಆಂಟಿ ಕಣ್ಣೊರೆಸಿಕೊಂಡು ಕಳ್ಳನಗೆ ನಕ್ಕರು.

"ಲೈನ್ ಸರಿಯಿಲ್ಲ, ಕೇಳಿಸಲಿಲ್ಲ, ಇನ್ನೊಮ್ಮೆ ಹೇಳು ಎಂದೆ."