ಮದುವೆಗೊಂದು ಕಣ

ಊರಲ್ಲಿ ಹೊಲವಿದ್ದು ಪಟ್ಟಣದಲ್ಲಿ ನೌಕರಿ ಮಾಡುವವರಿಗೆ ಒಂದು ಚಟವಿರುತ್ತದೆ. ಮಾತು ಎಲ್ಲಿಂದಲೇ ಶುರುವಾಗಲಿ, ಅದನ್ನು ಹೇಗಾದರೂ ಎಳೆದು ತಂದು ‘ನಮ್ಮ ಹೊಲ’ಕ್ಕೆ ಕಟ್ಟಿಹಾಕುತ್ತಾರೆ. ನಾನೂ ಅದೇ ಪೈಕಿಯವನು. ಹುಬ್ಬಳ್ಳಿಯ ವಿಮಾ ಕಚೇರಿಯೊಂದರಲ್ಲಿ ಕುರ್ಚಿ ಸವೆಸುತ್ತ, ಗುಡಗೇರಿಯ ನಮ್ಮ ಎರೆಹೊಲದ ಬಗ್ಗೆ ನಾನು ಆಡಿದಷ್ಟು ಮಾತನ್ನು ಆ ಹೊಲದಲ್ಲಿ ದುಡಿಯುವ ನಿಂಗಪ್ಪ ಕಾಕಾ ಕೂಡ ಆಡಿರಲಿಕ್ಕಿಲ್ಲ. ಕಾಕಾ ನಮ್ಮಪ್ಪನ ತಮ್ಮ. ಅಪ್ಪ ತೀರಿಕೊಂಡ ಮೇಲೆ ನಮ್ಮ ಪಾಲನ್ನೂ ಅವನೇ ಬಿತ್ತಿ ಬೆಳೆಯುತ್ತಾನೆ. ವರ್ಷಕ್ಕೊಮ್ಮೆ ಜೋಳದ ಚೀಲ ಕಳಿಸುತ್ತಾನೆ. ನಮ್ಮ ಒಕ್ಕಲುತನದಲ್ಲಿ ನನ್ನ ಕೆಲಸವೆಂದರೆ ಆ ಜೋಳದ ರೊಟ್ಟಿ ತಿನ್ನುವುದು.

ಇಂಥ ಮಾತಿನಿಂದ ಯಾರಿಗೂ ಕೇಡಿಲ್ಲವೆಂದು ತಿಳಿದಿದ್ದೆ. ಆದರೆ ಮನೆಯಲ್ಲೇ ಒಬ್ಬಳು ಅದನ್ನೆಲ್ಲ ಕಿವಿಗೊಟ್ಟು ಕೇಳುತ್ತಿದ್ದಳು. ಮಗಳು ವೀಣಾಳಿಗೆ ಅಳ್ನಾವರದ ವರ ನಿಶ್ಚಯವಾಯಿತು. ಕಲ್ಯಾಣ ಮಂಟಪ ನೋಡಲು ಹೊರಟ ನನ್ನನ್ನು ಬಾಗಿಲಲ್ಲೇ ತಡೆದು, “ಅಪ್ಪಾ, ಮಂಟಪ ಬ್ಯಾಡ. ನಮ್ಮ ಹೊಲದಾಗ ಮದುವಿ ಮಾಡೂಣು. ಗಂಗವ್ವಜ್ಜಿ ಮದುವಿ ಕಣದಾಗ ಆಗಿತ್ತು, ಅಂಥಾ ಮದುವಿ ಮತ್ತ ನೋಡಿಲ್ಲ ಅಂತ ನೀನ ದಿನಾ ಹೇಳ್ತಿಯಲ್ಲಾ?” ಎಂದಳು.

ಹೇಳಿದ್ದು ನಿಜ. ಗಂಗವ್ವ ಅಪ್ಪನ ತಂಗಿ, ನನಗೆ ಸೋದರತ್ತೆ. ಅವಳ ಮದುವೆಯಾದಾಗ ನಾನು ಒಂದು ಕೈಯಲ್ಲಿ ಚಡ್ಡಿ ಹಿಡಿದುಕೊಂಡೇ ಓಡಾಡುವಷ್ಟು ಸಣ್ಣವನು. ಸುಗ್ಗಿ ಮುಗಿದಿತ್ತು. ಮನೆಯಲ್ಲಿ ಅಷ್ಟು ಮಂದಿ ಹಿಡಿಸುವಂತಿರಲಿಲ್ಲ. ಜೋಳ ಒಕ್ಕಿದ ಕಣವೇ ಮಂಟಪವಾಯಿತು. ಜೋಳದ ದಂಟಿನ ಹಂದರ, ಆಗಷ್ಟೇ ಸಾರಿಸಿದ ನೆಲದ ತಂಪು, ದೊಡ್ಡ ಕೊಪ್ಪರಿಗೆಯಲ್ಲಿ ಗೋಧಿ ಹುಗ್ಗಿ. ಅಕ್ಷತೆಯ ಹೊತ್ತಿಗೆ ಬೀಗರ ಎತ್ತೊಂದು ಹಗ್ಗ ಹರಿದುಕೊಂಡು ಬಂದು ಹಿಂದಿನಿಂದ ಹಂದರ ತಿನ್ನತೊಡಗಿತು. ಬೀಗರ ಎತ್ತು, ಹೊಡೆಯುವವರಾರು? ಕಡೆಯ ಅಕ್ಷತೆ ಬೀಳುವಾಗ ಮದುಮಗನ ಮುಖಕ್ಕೆ ನೆಟ್ಟಗೆ ಬಿಸಿಲು ಬೀಳುತ್ತಿತ್ತು. ಅಂದು ನನ್ನ ತಲೆಗೂದಲಲ್ಲಿ ಸಿಕ್ಕಿಕೊಂಡ ಹೊಟ್ಟನ್ನು ಅವ್ವ ಬೈಯುತ್ತ ಬಾಚಿ ತೆಗೆದದ್ದು ಇನ್ನೂ ನೆನಪಿದೆ. ಈಗಲೂ ಮೇವಿನ ಗಾಡಿ ಪಕ್ಕದಲ್ಲಿ ಹಾದುಹೋದರೆ ನನಗೆ ಹುಗ್ಗಿಯ ವಾಸನೆ ಬಂದಂತಾಗುತ್ತದೆ.

ಸರಿ, ಮಗಳನ್ನು ಕರೆದುಕೊಂಡು ಗುಡಗೇರಿಗೆ ಹೋದೆ. ಹೊಲದ ತುಂಬ ಹಿಂಗಾರಿ ಜೋಳ ಆಳೆತ್ತರ ನಿಂತಿತ್ತು, ಮುಹೂರ್ತವೋ ಸುಗ್ಗಿಗೆ ಮೊದಲೇ ಇತ್ತು. ನಾನು ಹಿರಿಯರು ದುಡಿದ ಭೂಮಿ, ಅವರ ಆಶೀರ್ವಾದ ಎಂದೆಲ್ಲ ದಾರಿಯುದ್ದಕ್ಕೂ ಜೋಡಿಸಿಕೊಂಡು ಬಂದಿದ್ದ ಭಾಷಣ ಶುರುಮಾಡಿದೆ. ಕಾಕಾ ಅರ್ಧಕ್ಕೇ ಕೈಯೆತ್ತಿದ.

“ಕಾಳು ಕಟ್ಟೂ ಹೊತ್ತಿನ್ಯಾಗ ಬೆಳಿ ಕೊಯ್ಯಿ ಅಂತೀಯಲ್ಲೋ, ನೀ ನಮ್ಮಣ್ಣನ ಮಗಾ ಹೌದಿಲ್ಲೋ?”

ವೀಣಾ ಮುಂದೆ ಬಂದಳು. “ಅಜ್ಜಾ, ಮಂಟಪದಾಗ ನಾವು ಉಂಡು ಕೈ ತೊಳಿಯೂದ್ರಾಗ ಮುಂದಿನ ಮದುವಿಯವ್ರು ಬಂದು ಬಾಗಲಾಗ ನಿಂತಿರ್ತಾರ್ರಿ. ನಮ್ಮ ಹೊಲದಾಗ ನಮ್ಮನ್ನ ಯಾರು ಎಬ್ಬಸ್ತಾರ?”

“ನಾ ಎಬ್ಬಸ್ತೇನಿ” ಎಂದ ಕಾಕಾ. ಹಾಗೆಂದು ತಾನೇ ನಕ್ಕ. ಆಮೇಲೆ ನಾಲ್ಕು ಹೆಜ್ಜೆ ಬೆಳೆಯೊಳಗೆ ಹೋಗಿ, ಒಂದು ತೆನೆಯನ್ನು ಕೈಯಲ್ಲಿ ಹಿಡಿದು ಬಹಳ ಹೊತ್ತು ನಿಂತ. ತಿರುಗಿ ಬಂದಾಗ ಅವನ ದನಿ ಬೇರೆಯಾಗಿತ್ತು. “ಗಂಗವ್ವನ ಮದುವಿ ಮ್ಯಾಲೆ ಈ ಹೊಲದಾಗ ಒಂದೂ ಅಕ್ಕಿಕಾಳು ಬಿದ್ದಿಲ್ಲ ನೋಡವಾ. ಕೊಯ್ಯೂಣು. ಜ್ವಾಳ ಮುಂದಿನ ವರ್ಷಾನೂ ಬರ್ತೈತಿ.”

ಒಪ್ಪಿಗೆಯೇನೋ ಸಿಕ್ಕಿತು. ಆದರೆ ಎಲ್ಲಿ ಕೊಯ್ಯುವುದು? ಒಕ್ಕುವ ಯಂತ್ರ ಬಂದ ಮೇಲೆ ಕಾಕಾ ಹಳೆಯ ಕಣವನ್ನು ಉತ್ತು ಹೊಲಕ್ಕೆ ಸೇರಿಸಿಬಿಟ್ಟಿದ್ದ. ಮಗಳಿಗೆ ಬೇಕಾದದ್ದು ಅದೇ ಜಾಗ. ಅದು ಬೇವಿನ ಗಿಡದ ಪಕ್ಕದಲ್ಲಿತ್ತೆಂದು ನಾನು, ಬಾವಿಯ ಬಾಜೂಕೆಂದು ಕಾಕಾ. “ಉತ್ತಾವ ನಾನೋ ನೀನೋ?” ಎಂದು ಅವನು, “ಅಲ್ಲಿ ಬಿದ್ದು ಹೊರಳಾಡಿದವನು ನಾನು” ಎಂದು ನಾನು. ಕೊನೆಗೆ ಮಿಶ್ರಿಕೋಟಿಯಿಂದ ಗಂಗವ್ವತ್ತಿಯನ್ನೇ ಕಾರಿನಲ್ಲಿ ಕರೆತಂದೆವು. ಅವಳು ವೀಣಾಳ ಹೆಗಲು ಹಿಡಿದು ಜೋಳದ ನಡುವೆ ನಡೆದು ನಡೆದು, ಬೇವಿನ ಗಿಡಕ್ಕೂ ಬಾವಿಗೂ ಸಂಬಂಧವೇ ಇಲ್ಲದ ಒಂದು ಕಡೆ ಕುಳಿತುಬಿಟ್ಟಳು. ನಾನೂ ಕಾಕಾನೂ ಮುಖ ಮುಖ ನೋಡಿಕೊಂಡೆವು. ಮದುವೆಯಾದವಳೇ ತೋರಿಸಿದ ಮೇಲೆ ಇನ್ನೇನು? ಅಲ್ಲಿಯ ಬೆಳೆ ಕೊಯ್ದು, ಹಸಿ ಮೇವನ್ನು ಬದುವಿನಾಚೆಯ ಖಾದರಸಾಬರ ಎತ್ತುಗಳಿಗೆ ಹಾಕಿದೆವು.

ಮರುದಿನ ಹುಬ್ಬಳ್ಳಿಯಿಂದ ಅಲಂಕಾರ ಮಾಡುವವನು ಬಂದ. ಗಾಡಿಯಿಂದ ಇಳಿದವನೇ, “ಲಾನ್ ಎಲ್ಲೈತ್ರಿ?” ಎಂದ.

“ಲಾನ್ ಅಂದ್ರ?” ಕಾಕಾ ಕೇಳಿದ.

“ಹುಲ್ಲುರೀ.”

“ನನ್ನ ಹೊಲದಾಗ ಹುಲ್ಲು ಹುಡುಕ್ತಿಯೇನೋ? ಹುಲ್ಲು ಬೆಳದ್ರ ನಾ ಎಂಥಾ ಒಕ್ಕಲಿಗನೋ?”

ಅವನು ಫೋನು ತೆಗೆದು ಜಾಗದ ಫೋಟೊ ಹಿಡಿಯುತ್ತ ಹಿಂದೆ ಹಿಂದೆ ಸರಿದ. ಎರೆಭೂಮಿ ಆ ದಿನಗಳಲ್ಲಿ ಒಣಗಿ ಬಾಯಿಬಿಟ್ಟಿರುತ್ತದೆ. ಕಾಲು ಬಿರುಕಿಗೆ ಸಿಕ್ಕಿತು, ಫೋನು ಕೈಜಾರಿ ಇನ್ನೊಂದು ಬಿರುಕಿನೊಳಗೆ ಹೋಯಿತು. ಕೈ ಹಾಕಿದರೆ ಸಿಗದು. ನನ್ನ ಫೋನಿನಿಂದ ಕರೆ ಮಾಡಿದೆ. ಭೂತಾಯಿಯ ಹೊಟ್ಟೆಯೊಳಗಿಂದ ಸಣ್ಣಗೆ ಶಹನಾಯಿ ಕೇಳಿಸಿತು. ಸಲಿಕೆ ತಂದು ಅಗೆದು ತೆಗೆಯುವವರೆಗೂ ನಾನು ಕರೆ ಮಾಡುತ್ತಲೇ ಇದ್ದೆ, ಅದು ಊದುತ್ತಲೇ ಇತ್ತು. ನಕ್ಕು ಮುಗಿದ ಮೇಲೆ ಎಲ್ಲರಿಗೂ ಒಂದೇ ಚಿಂತೆ ಹತ್ತಿತು. ಫೋನು ಹೋದಲ್ಲಿ ನಾಳೆ ಬೀಗತಿಯ ಕಾಲು ಹೋದರೆ? ಮೇಲೆ ಬರೀ ಜಮಖಾನ ಹಾಸಿದರೆ ಇನ್ನೂ ಅಪಾಯ, ಬಿರುಕು ಕಾಣಿಸುವುದೂ ಇಲ್ಲ.

“ಕಣಾನ ಮಾಡೂಣು, ಮತ್ತೇನು” ಎಂದ ಕಾಕಾ.

ಕಣ ಗಟ್ಟಿ ಮಾಡಲು ಎತ್ತು ಹೂಡಿ ಉರುಳಿಸುವ ಕಲ್ಲಿನ ಗುಂಡು ಖಾದರಸಾಬರ ಹಿತ್ತಲಲ್ಲಿ, ಮೊಮ್ಮಕ್ಕಳು ಕೂರುವ ಆಸನವಾಗಿ ಬಿದ್ದಿತ್ತು. ಅದನ್ನು ಉರುಳಿಸಿ ತಂದು, ಬಿರುಕಿಗೆ ಮಣ್ಣು ತುಂಬಿ, ನೀರು ಹೊಡೆದು, ಹೊಟ್ಟು ಚೆಲ್ಲಿ ಅವರ ಎತ್ತುಗಳನ್ನು ಹೂಡಿದೆವು. ಗುಂಡು ಸುತ್ತತೊಡಗಿತು. ನನ್ನಿಂದ ತಡೆಯಲಾಗಲಿಲ್ಲ. ಹಗ್ಗ ಇಸಿದುಕೊಂಡು, ಸಣ್ಣವನಿದ್ದಾಗ ಕೇಳಿದ ನೆನಪಿನಿಂದ ದೊಡ್ಡದಾಗಿ “ಹೋ... ಹೋ...” ಎಂದೆ. ಎತ್ತುಗಳು ಗಕ್ಕನೆ ನಿಂತವು. ಮತ್ತೆ ಕೂಗಿದೆ. ಅಲುಗಲಿಲ್ಲ.

“ಸಾಹೇಬ್ರ, ನೀವು ಸುಮ್ಮನಿರ್ರಿ” ಎಂದರು ಖಾದರಸಾಬರು ಬಹಳ ಮರ್ಯಾದೆಯಿಂದ. “ನೀವು ಕೂಗಿದ್ರ ನಿಂದರ್ತಾವು, ಬಿಟ್ರ ನಡೀತಾವು.”

ಸಂಜೆಗೆ ಗಂಗವ್ವತ್ತಿ ಸೆರಗು ಸಿಕ್ಕಿಸಿಕೊಂಡು ಸಗಣಿ ಸಾರಿಸಲು ಕುಳಿತಳು. ಪಕ್ಕದಲ್ಲಿ ವೀಣಾ. “ಕೈಬಳಿ ಸಪ್ಪಳ ಆಗಬಾರ್ದವಾ, ಅಂಗೈ ಅಗಲ ಮಾಡು, ನೆಲಾ ಸವರಬೇಕು” ಎಂದು ಅತ್ತಿ ಕಲಿಸುತ್ತಿದ್ದಳು. ಇಬ್ಬರ ಕೈಗಳೂ ಅರ್ಧಚಂದ್ರದ ಗುರುತು ಬಿಡುತ್ತ ಹಿಂದೆ ಸರಿಯುತ್ತಿದ್ದವು. ಹಸಿ ಸಗಣಿ, ನೆನೆದ ಎರೆಮಣ್ಣು, ಜೋಳದ ಹೊಟ್ಟು ಮೂರೂ ಕೂಡಿದ ಆ ವಾಸನೆ ಬಂದಾಗ ಅವ್ವ ಬಾಚಣಿಗೆ ಹಿಡಿದು ಹಿಂದೆಯೇ ನಿಂತಿದ್ದಾಳೆ ಅನ್ನಿಸಿತು. ತಿರುಗಿ ನೋಡಿದೆ. ಕಾಕಾ ನಿಂತಿದ್ದ.

ಮದುವೆ ಚೆನ್ನಾಗಿಯೇ ಆಯಿತು. ದಂಟಿನ ಹಂದರಕ್ಕೆ ಅಲಂಕಾರದವನ ಬಿಳಿ ಬಟ್ಟೆ ಒಪ್ಪಿತು. ಬೀಗರು ಮೊದಲು ಕೂಲರ್ ಕೇಳಿದರು, ಹೊಲದ ಗಾಳಿ ಬೀಸಿದ ಮೇಲೆ ಶಾಲು ಕೇಳಿದರು. ಸಗಣಿ ಕುಳ್ಳಿನ ಕೆಂಡದಲ್ಲಿ ಹಸಿ ತೆನೆ ಸುಟ್ಟು ಬಡಿದ ಸೀತನಿ ಕಾಳಿಗೆ ಮುಗಿಬಿದ್ದ ನನ್ನ ಕಚೇರಿಯವರು ಮುಖವೆಲ್ಲ ಮಸಿಯಾಗಿ, ಫೋಟೊದಲ್ಲಿ ಗುರುತೇ ಸಿಗುತ್ತಿರಲಿಲ್ಲ.

ಹುಗ್ಗಿ ಉಣ್ಣುವಾಗ ಅತ್ತಿಯ ಪಕ್ಕ ಕುಳಿತು, “ಅಷ್ಟು ವರ್ಷದ ಮ್ಯಾಲೂ ಜಾಗಾ ಹೆಂಗ ಬರೋಬ್ಬರಿ ಗುರ್ತ ಹಿಡದಿ ಅತ್ತಿ?” ಎಂದು ಕೇಳಿದೆ.

“ನಾ ಎಲ್ಲಿ ಗುರ್ತ ಹಿಡದೆ?” ಎಂದಳು ಅವಳು ಹುಗ್ಗಿಗೆ ತುಪ್ಪ ಕಲಸುತ್ತ. “ಮೊಣಕಾಲು ನೋಯಾಕತ್ತಿದ್ವು, ಕುಂತೆ. ನೀವ ಇದ ಜಾಗಾ ಅಂತ ಬೆಳಿ ಕೊಯ್ದ್ರಿ. ದೊಡ್ಡವ್ರಾಗೀರಿ, ನಡುವ ಬಾಯಿ ಹಾಕಬಾರ್ದಂತ ಸುಮ್ಮನಾದೆ.”

ಮಗಳು ಅಳ್ನಾವರಕ್ಕೆ ಹೋದಳು. ಮನೆ ಸಪ್ಪೆಯಾಯಿತು. ಮುಂಗಾರಿನ ಮೊದಲ ಮಳೆ ಬಿದ್ದ ಮರುದಿನ ಕಾಕಾನ ಫೋನು ಬಂತು.

“ಕಣಾ ಹರಗಿ ಹೊಲಕ್ಕ ಕೂಡಸಲೇನೋ?”

ಹೀಗೆ ನನ್ನನ್ನು ಕೇಳಿ ಅವನು ಹೊಲದಲ್ಲಿ ಒಂದು ಕಡ್ಡಿಯನ್ನೂ ಅಲುಗಿಸಿದವನಲ್ಲ. “ಇರಲಿ ಬಿಡು ಕಾಕಾ” ಎಂದೆ. “ಅದೊಂದು ನೆನಪು. ವೀಣಾ ಬಂದಾಗ ನೋಡ್ತಾಳ.”

ಅವನಿಗೂ ನನ್ನಂತೆಯೇ ಮನಸ್ಸು ತುಂಬಿರಬೇಕೆಂದುಕೊಂಡೆ.

“ಹಂಗಾರ ಜ್ವಾಳ ಎಲ್ಲಿ ಬಿತ್ತಲೋ, ನಿನ್ನ ತಲಿ ಮ್ಯಾಲ?” ಎಂದ ಕಾಕಾ. “ಅಲ್ಲೀನೂ ಅಗದಿ ಬಯಲಾಗೇತಿ.”

ನಾನು ತಲೆಯ ಮೇಲೆ ಒಮ್ಮೆ ಕೈಯಾಡಿಸಿಕೊಂಡೆ.

“ಹರಗು ಕಾಕಾ” ಎಂದೆ.