ನನ್ನನ್ನು ನಾನೇ ಫೇಲು ಮಾಡಿಕೊಂಡ ಪ್ರಯುಕ್ತ ರಜೆ ಕೋರಿ

ಇಂದ,
ಇತಿಹಾಸ ಉಪನ್ಯಾಸಕ (ತಾತ್ಕಾಲಿಕ, ಹನ್ನೊಂದನೆಯ ವರ್ಷ),
ಸ್ಟಾಫ್ ರೂಮಿನ ಕಾಲು ಅಲುಗಾಡುವ ಮೇಜು.

ಗೆ,
ಪ್ರಿನ್ಸಿಪಾಲರು,
ಪಕ್ಕದ ಕೋಣೆ.

ವಿಷಯ: ಎಂ.ಎ. ಕೊನೆಯ ಪತ್ರಿಕೆಯನ್ನು ಮತ್ತೊಮ್ಮೆ ಬರೆಯಲು ಎರಡು ದಿನಗಳ ಸಂಬಳ ಸಹಿತ ರಜೆ ಮಂಜೂರು ಮಾಡುವ ಬಗ್ಗೆ.

ಉಲ್ಲೇಖ:
1. ಸೇವಾ ನಿಯಮ ಹದಿನಾಲ್ಕು: ಸ್ನಾತಕೋತ್ತರ ಓದುವ ಅಧ್ಯಾಪಕರಿಗೆ ಪರೀಕ್ಷಾ ರಜೆ (ನೋಟಿಸ್ ಬೋರ್ಡಿನ ಗಾಜಿನೊಳಗಿದೆ, ಬೀಗದ ಕೈ ಕಳೆದಿದೆ).
2. ಈ ವರ್ಷ ಎಂ.ಎ. ಮುಗಿಸದವರನ್ನು ಕೆಲಸದಲ್ಲಿ ಮುಂದುವರಿಸುವುದಿಲ್ಲವೆಂಬ ಆಡಳಿತ ಮಂಡಳಿಯ ಪತ್ರ.
3. ನನ್ನ ಹಿಂದಿನ ರಜೆ ಅರ್ಜಿ, ಮತ್ತು ಅದರ ಮೇಲೆ ತಮ್ಮ ಚಹಾ ಲೋಟದ ಗುರುತು.

ಮಾನ್ಯರೇ,

ದೇವರು ಒಳ್ಳೆಯವನು, ತಾವೂ ಒಳ್ಳೆಯವರೇ ಎಂಬ ನಂಬಿಕೆಯಿಂದ ಈ ಕೆಳಕಂಡ ಕಥೆಯನ್ನು ನಿವೇದಿಸಿಕೊಳ್ಳುತ್ತೇನೆ.

1. ಉಲ್ಲೇಖ ಮೂರರ ಅರ್ಜಿ ಕೊಟ್ಟಾಗ ತಾವು, "ಮೂರು ಗಂಟೆ ಪರೀಕ್ಷೆಗೆ ರಜೆ ಯಾಕ್ರೀ? ಶುರುವಾಗೋ ತನಕ ಸುಮ್ಮನೆ ಕೂತಿರ್ತೀರಲ್ಲ, ಈ ಟೆಸ್ಟ್ ಪೇಪರ್ ತಿದ್ದಿ" ಎಂದು ಅರವತ್ತನಾಲ್ಕು ಉತ್ತರ ಪತ್ರಿಕೆಗಳ ಕಟ್ಟನ್ನು ಕೈಗಿತ್ತಿರಿ. ಆದಕಾರಣ, ಪರೀಕ್ಷೆಯ ಬೆಳಿಗ್ಗೆ ಉಳಿದವರೆಲ್ಲ ಮೆಟ್ಟಿಲ ಮೇಲೆ ಕುಳಿತು ನೋಟ್ಸ್ ತಿರುವುತ್ತಿದ್ದರೆ ನಾನು ಕೆಂಪು ಪೆನ್ನು ಹಿಡಿದು ತಿದ್ದುತ್ತಿದ್ದೆ. ಅರವತ್ತಮೂರು ಮುಗಿಯುವಷ್ಟರಲ್ಲಿ ಗಂಟೆ ಹೊಡೆಯಿತು.

2. ಒಳಗೆ ಹೋಗಿ ಕೈ ಬಂದಷ್ಟೂ ಬರೆದೆ. ಇನ್ನೂ ಇಪ್ಪತ್ತು ನಿಮಿಷ ಉಳಿದಿತ್ತು. ಮನಸ್ಸು ಕೆರೆಯ ನೀರಿನ ಹಾಗೆ ಶಾಂತವಾಗಿತ್ತು. ಆ ಶಾಂತಿಯಲ್ಲಿ ಕೈ ತಾನಾಗಿ ಜೇಬಿನ ಕೆಂಪು ಪೆನ್ನಿಗೆ ಹೋಯಿತು. ಹನ್ನೊಂದು ವರ್ಷ ಪಳಗಿದ ಕೈ, ಮುಂದಿದ್ದದ್ದನ್ನು ಅರವತ್ತನಾಲ್ಕನೆಯದೆಂದೇ ತಿಳಿಯಿತು. ಮೊದಲ ಉತ್ತರದ ಪಕ್ಕ "ಪ್ರಶ್ನೆಯ ಬಾಗಿಲ ತನಕ ಹೋಗಿ ವಾಪಸ್ ಬಂದಿದ್ದೀಯ" ಎಂದು ಕೆಂಪಿನಲ್ಲಿ ಬರೆದೆ. ಎರಡನೆಯದಕ್ಕೆ "ಇಸವಿ ಎಲ್ಲಿ?" ಮೂರನೆಯದಕ್ಕೆ ಅಡ್ಡಗೀಟು. ಈ ಕೈಬರಹ ಎಲ್ಲೋ ನೋಡಿದ ಹಾಗಿದೆಯಲ್ಲ ಅನ್ನಿಸಿತು ನಿಜ. ಆದರೆ ನಾನು ಗುರುತು ಹಿಡಿದು ಅಂಕ ಕೊಡುವವನಲ್ಲ.

3. ಕೊಠಡಿಯ ಮೇಲ್ವಿಚಾರಕಿ ನನ್ನ ಹಳೆಯ ವಿದ್ಯಾರ್ಥಿನಿ. ಹತ್ತಿರ ಬಂದು ಬಗ್ಗಿ, "ಸಾರ್, ಏನ್ ಮಾಡ್ತಿದ್ದೀರಿ?" ಎಂದಳು.

"ತಿದ್ತಾ ಇದೀನಮ್ಮ."

"ಯಾರದ್ದು ಸಾರ್?"

ಆಗ ಮೊದಲ ಪುಟ ತಿರುಗಿಸಿ ನೋಡಿದೆ. ಅಲ್ಲಿ ನನ್ನದೇ ನೋಂದಣಿ ಸಂಖ್ಯೆ. ಕೆಳಗೆ ಮೌಲ್ಯಮಾಪಕರ ಜಾಗದಲ್ಲಿ ನನ್ನದೇ ಸಹಿ.

"ಎಷ್ಟು ಕೊಟ್ರಿ?"

"ಮೂವತ್ತೊಂದು."

"ಪಾಸಾಗೋಕೆ ನಾಲ್ಕೇ ನಾಲ್ಕು ಕಮ್ಮಿ ಸಾರ್! ನಮಗೂ ಹಿಂಗೇ ಮಾಡ್ತಿದ್ರಿ" ಎಂದು ಬಾಯಿಗೆ ಸೆರಗು ಒತ್ತಿಕೊಂಡು ಕಿಟಕಿಯ ಕಡೆಗೆ ಓಡಿದಳು. ಅವಳ ಭುಜಗಳು ಬಹಳ ಹೊತ್ತು ಕುಣಿಯುತ್ತಿದ್ದವು. ಕೊನೆಗೆ ನನಗೂ ನಗು ತಡೆಯಲಾಗಲಿಲ್ಲ. ಪರೀಕ್ಷಾ ಕೊಠಡಿಯಲ್ಲಿ ನಕ್ಕಿದ್ದಕ್ಕೆ ಕ್ಷಮೆ ಇರಲಿ.

4. ಮನೆಯಲ್ಲಿ ಅಮ್ಮನಿಗೆ ತಿಳಿಸಿದೆ. "ಊರಿನ ಮೇಷ್ಟ್ರೆಲ್ಲ ಎರಡು ಮೂರು ಹೆಚ್ಚಿಗೆ ಹಾಕಿ ಮಕ್ಕಳನ್ನ ದಡ ಸೇರಿಸ್ತಾರೆ. ನನ್ನ ಮಗನಿಗೆ ನಾಲ್ಕು ಹಾಕೋಕೆ ನಿನ್ನ ಕೈಗೇನು ಬಂದಿತ್ತೋ?" ಎಂದು ನನ್ನ ಪರವಾಗಿ ನನ್ನನ್ನೇ ಬೈದರು. ಎರಡು ದಿನ ಮಾತು ಬಿಟ್ಟರು. ಯಾರ ಜೊತೆ ಎಂದು ನನಗೆ ಈಗಲೂ ಸ್ಪಷ್ಟವಿಲ್ಲ.

5. ಪರೀಕ್ಷಾ ಮಂಡಳಿಯ ತೀರ್ಮಾನ ನಿನ್ನೆ ಬಂತು. ಸದರಿ ಪತ್ರಿಕೆ ಮೌಲ್ಯಮಾಪನಗೊಂಡಿದ್ದು, ಅಂಕಗಳು ನ್ಯಾಯವಾಗಿಯೇ ಇವೆ, ಆದರೆ ಎಂ.ಎ. ಪತ್ರಿಕೆ ತಿದ್ದುವವರಿಗೆ ಎಂ.ಎ. ಆಗಿರಬೇಕು, ಸದರಿ ಮೌಲ್ಯಮಾಪಕರಿಗೆ ಅದು ಆಗಿಲ್ಲ, ಆದ್ದರಿಂದ ಮೌಲ್ಯಮಾಪನ ಅಸಿಂಧು, ಆದ್ದರಿಂದ ಅಭ್ಯರ್ಥಿ ಫೇಲಾಗಿಲ್ಲ, ಆದ್ದರಿಂದ ಮುಂದಿನ ಸೋಮವಾರ ಮತ್ತೆ ಬರೆಯತಕ್ಕದ್ದು. ಪದವಿ ಇಲ್ಲದ್ದೇ ನನ್ನನ್ನು ಕಾಪಾಡಿತು! ದೇವರು ಕೈ ಹಿಡಿಯುವುದಕ್ಕೆ ಎಂಥೆಂಥ ದಾರಿ ಹುಡುಕುತ್ತಾನೆ ಎಂದು ಕಣ್ಣು ಮುಚ್ಚಿ ಕೈ ಮುಗಿದೆ.

6. ಇಷ್ಟಾದರೂ ದೇವರನ್ನು ಪದೇ ಪದೇ ದುಡಿಸಿಕೊಳ್ಳುವುದು ಸರಿಯಲ್ಲ. ಈ ಸಲ ತಪ್ಪಿದರೆ ಉಲ್ಲೇಖ ಎರಡರಂತೆ ಕೆಲಸ ಹೋಗುತ್ತದೆ. ಕಾಲು ಅಲುಗಾಡುವ ಮೇಜಾದರೂ ಅದು ನನ್ನ ಮೇಜು. ಮಕ್ಕಳ ಮುಂದೆ ನಿಂತು ಹಳೆಯ ರಾಜರ ಕಥೆ ಹೇಳುವುದು ಬಿಟ್ಟರೆ ನನಗೆ ಬೇರೆ ಸುಖ ತಿಳಿಯದು.

ಆದ್ದರಿಂದ ಓದಲು ಭಾನುವಾರದ ಹಿಂದಿನ ಶನಿವಾರವನ್ನೂ, ಬರೆಯಲು ಸೋಮವಾರವನ್ನೂ ಸಂಬಳ ಸಹಿತ ದಯಪಾಲಿಸಬೇಕೆಂದೂ, ಆ ದಿನಗಳಲ್ಲಿ ಯಾವುದೇ ಕಟ್ಟನ್ನು ನನ್ನ ಕೈಗೆ ಕೊಡಬಾರದೆಂದೂ ಪ್ರಾರ್ಥಿಸುತ್ತೇನೆ.

ತಮ್ಮ ವಿಶ್ವಾಸಿ,
ಮೇಲ್ಕಂಡ ಅಭ್ಯರ್ಥಿ ಹಾಗೂ ಅಸಿಂಧು ಮೌಲ್ಯಮಾಪಕ

ಲಗತ್ತುಗಳು:
1. ಪರೀಕ್ಷಾ ಮಂಡಳಿಯ ಪತ್ರದ ಪ್ರತಿ.
2. ಆ ದಿನ ಉಳಿದುಹೋಗಿದ್ದ ವಿದ್ಯಾರ್ಥಿಯ ಅರವತ್ತನಾಲ್ಕನೆಯ ಉತ್ತರ ಪತ್ರಿಕೆ, ಈಗ ತಿದ್ದಿದ್ದು. (ಇದಕ್ಕೂ ಮೂವತ್ತೊಂದೇ ಬಂದಿತ್ತು, ಅಮ್ಮನ ಮಾತು ನೆನಪಾಗಿ ಮೂವತ್ತೈದು ಮಾಡಿದ್ದೇನೆ.)
3. ಕೆಂಪು ಪೆನ್ನು ಒಂದು. ಪರೀಕ್ಷೆ ಮುಗಿಯುವವರೆಗೆ ತಮ್ಮ ಸುಪರ್ದಿನಲ್ಲಿರಲಿ. ರಜೆ ಮಂಜೂರು ಮಾಡುವುದಾದರೆ ಇದರಲ್ಲೇ ಸಹಿ ಹಾಕಬಹುದು. ಇಲ್ಲವೆನ್ನುವುದಾದರೆ ದಯವಿಟ್ಟು ಬೇರೆ ಪೆನ್ನು ಬಳಸಿರಿ. ಇದು ನನ್ನನ್ನು ಈಗಾಗಲೇ ಒಮ್ಮೆ ಫೇಲು ಮಾಡಿದೆ.