ಬೆಳ್ಳಿಹಬ್ಬಕ್ಕೆ ಅಸಲಿ ಹಾಡು

ಒಂದು ವಿಷಯ ಮೊದಲೇ ಸ್ಪಷ್ಟವಾಗಿರಲಿ. ಆ ಹಾಡಿನ ವಿಚಾರದಲ್ಲಿ ನಾನು ಹೇಳಿದ್ದು ನೂರಕ್ಕೆ ನೂರು ಸರಿ. ಅವತ್ತೂ ಸರಿ, ಇವತ್ತೂ ಸರಿ. "ಆ ವಿಷ್ಯ ಬಿಟ್ಬಿಡೇ ಸುಧಾ" ಅಂತ ನನ್ನ ಗಂಡ ಮುರಳಿ ಕೈ ಮುಗಿದರೂ ಬಿಡುವವಳು ನಾನಲ್ಲ!

ನಾವಿರುವುದು ಮಲೇಷ್ಯಾದ ಬಯಾನ್ ಲೆಪಾಸಿನಲ್ಲಿ, ಮುರಳಿ ಕೆಲಸ ಮಾಡುವ ಕಂಪ್ಯೂಟರ್ ಚಿಪ್ ಕಾರ್ಖಾನೆಗೆ ಹತ್ತಿರದ ಒಂದು ಕಾಂಡೋದಲ್ಲಿ. ಮೈಸೂರಿನಿಂದ ಬಂದ ಹೊಸದರಲ್ಲಿ ಕರಿಬೇವು ಎಲ್ಲಿ ಸಿಗುತ್ತದೆಂದು ತೋರಿಸಿದವರು, ನಾನು ಜ್ವರದಿಂದ ಮಲಗಿದಾಗ ರಸಂ ತಂದು ಕುಡಿಸಿದವರು ಅದೇ ಕಟ್ಟಡದ ಕಮಲಾ ಅಕ್ಕ. ಇಲ್ಲೇ ಹುಟ್ಟಿ ಬೆಳೆದ ತಮಿಳರು. ಅವರ ಗಂಡ ಸೆಲ್ವಂ ಅಣ್ಣ. ನನ್ನನ್ನು ಬಾಯಿ ತುಂಬಾ "ತಂಗಚ್ಚಿ" ಅಂತ ಕರೆಯುವ ಮನುಷ್ಯ. ಇಂಥವರ ಜೊತೆ ಜಗಳ ಆಗುವುದು ಸಾಧ್ಯವೇ? ಸಾಧ್ಯ. ಅದಕ್ಕೆ ನನ್ನಂಥ ಸಂಗೀತಜ್ಞಾನಿ ಬೇಕು, ಅಷ್ಟೇ.

ಒಂದು ಭಾನುವಾರ ಸಂಜೆ ನಾಲ್ಕೂ ಜನ ಇಲ್ಲಿ ಮಾಮಕ್ ಅನ್ನುವ ಚಹಾ-ತಿಂಡಿಯ ಅಂಗಡಿಯಲ್ಲಿ ಕೂತು ಚಹಾ ಕುಡಿಯುತ್ತಿದ್ದೆವು. ಅಲ್ಲಿನ ಟೀವಿಯಲ್ಲಿ ಒಂದು ಇಂಗ್ಲಿಷ್ ಹಾಡು ಬಂತು. ನಿಧಾನ, ನಯ, ಪಿಟೀಲುಗಳ ಸಾಲು. ಸೆಲ್ವಂ ಅಣ್ಣನ ಕಣ್ಣು ಒದ್ದೆಯಾಯಿತು.

"ತಂಗಚ್ಚಿ, ಇದು ನಮ್ಮ ಹಾಡು. ಮದುವೆಗೆ ಮುಂಚೆ ಕಮಲಾನ ಮೊದಲ ಸಲ ಕಾರಲ್ಲಿ ಕರ್ಕೊಂಡು ಹೋದಾಗ ಇದೇ ಬರ್ತಿತ್ತು."

ಬೇರೆ ಯಾರಾದರೂ ಆಗಿದ್ದರೆ "ಎಷ್ಟು ಚೆನ್ನಾಗಿದೆ" ಅನ್ನುತ್ತಿದ್ದರು. ನಾನು ಅಂದೆ, "ಅಣ್ಣಾ, ಇದು ಅಸಲಿ ಅಲ್ಲ."

ಮುರಳಿ ಮೇಜಿನ ಕೆಳಗೆ ನನ್ನ ಕಾಲು ತುಳಿದರು. ಸತ್ಯವನ್ನು ತುಳಿಯಲಾದೀತೇ?

ಆ ಹಾಡಿನ ಮೂಲ ನನಗೆ ಹಾಸ್ಟೆಲ್ಲಿನ ದಿನಗಳಿಂದ ಗೊತ್ತು. ನನ್ನ ರೂಮ್‌ಮೇಟ್ ಹತ್ತಿರ ಹಳೆಯದೊಂದು ರಿದಂ ಅಂಡ್ ಬ್ಲೂಸ್ ಕ್ಯಾಸೆಟ್ಟಿತ್ತು. ಅಮೆರಿಕದ ಕಪ್ಪು ಹೆಂಗಸೊಬ್ಬಳು ಹಾಡಿದ್ದು. ಒರಟು ದನಿ, ಹಿಂದೆ ಸ್ಯಾಕ್ಸೋಫೋನು, ತಾಳ ಬಿದ್ದರೆ ಕೂತ ಕುರ್ಚಿ ಕುಣಿಯಬೇಕು! ಎಷ್ಟೋ ವರ್ಷದ ಮೇಲೆ ಟೀವಿಯಲ್ಲಿ ಹಾಡುತ್ತಿದ್ದ ಈ ಚೆಂದದ ಹುಡುಗ ಅದನ್ನೇ ಎತ್ತಿಕೊಂಡು, ನಿಧಾನ ಮಾಡಿ, ಕಂಡೆನ್ಸ್ಡ್ ಹಾಲು ಸುರಿದು ಮಾರಿದ.

"ಅವಳ ಹೆಸರು ಯಾರಿಗೂ ಗೊತ್ತಿಲ್ಲ. ಇವನಿಗೆ ಪ್ರಪಂಚವೆಲ್ಲ ಚಪ್ಪಾಳೆ! ಇದು ಅನ್ಯಾಯ ಅಲ್ವಾ?" ಅಂತ ಮೇಜು ಗುದ್ದಿದೆ. ಚಹಾ ಚೆಲ್ಲಿತು. ಸೆಲ್ವಂ ಅಣ್ಣನ ಅಂಗಿಯ ಮೇಲೆ.

ಕಮಲಾ ಅಕ್ಕ ನಕ್ಕರು. "ಸರಿ ಹಾಗಾದ್ರೆ. ಮುಂದಿನ ತಿಂಗಳು ನಮ್ಮ ಮದುವೆಯ ಬೆಳ್ಳಿಹಬ್ಬ. ಅಸಲಿ ಹಾಡನ್ನ ನೀನೇ ಹಾಡು."

"ಖಂಡಿತ ಹಾಡ್ತೀನಿ!"

"ಟೀ ಕುಡಿಯೋಕೆ ಬಂದಿದ್ವಿ, ಅಷ್ಟೇ" ಅಂತ ಮುರಳಿ ಯಾರಿಗೂ ಅಲ್ಲದಂತೆ ಹೇಳಿದರು.

ಅಭ್ಯಾಸ ಶುರುವಾಯಿತು. ಮೊದಲ ತೊಡಕು ನನ್ನ ಗಂಟಲು. ಯುಗಾದಿ, ರಾಜ್ಯೋತ್ಸವಗಳಲ್ಲಿ ಭಾವಗೀತೆ ಹಾಡಿ ಪಳಗಿದ್ದು. ಎಷ್ಟೇ ಒರಟು ಮಾಡಿದರೂ ಕೊನೆಗೆ ಒಂದು ಗಮಕ ತಾನಾಗಿ ಬಂದು ಕೂರುತ್ತಿತ್ತು. ಬಚ್ಚಲಮನೆಯಲ್ಲಿ ದನಿ ಪ್ರತಿಧ್ವನಿಸುತ್ತದೆಂದು ಅಲ್ಲೇ ನಿಂತು ಗಂಟಲು ಕೆರೆದು ಕೆರೆದು ಹಾಡಿದೆ. ಬಾಗಿಲು ಬಡಿದ ಸದ್ದಾಯಿತು. ಸೆಕ್ಯುರಿಟಿಯವನು ನಿಂತಿದ್ದ.

"ಮೇಡಂ, ಕೆಳಗಿನ ಮನೆಯವರು ಫೋನ್ ಮಾಡಿದ್ರು. ಇಲ್ಲಿ ಯಾರಿಗೋ ತುಂಬಾ ವಾಂತಿ ಆಗ್ತಿದೆಯಂತೆ. ಆಂಬುಲೆನ್ಸ್ ಬೇಕಾ?"

ನಾನು ಎದೆಗುಂದಲಿಲ್ಲ. ದನಿ ಒರಟಾಗಲಿ ಅಂತ ದಿನಾ ಒಂದು ದೊಡ್ಡ ಬಟ್ಟಲು ಐಸ್ ಕಚಾಂಗ್ ತಿಂದೆ. ಹೆರೆದ ಐಸಿನ ಮೇಲೆ ಪಾಕ ಸುರಿದು ಕೊಡುತ್ತಾರಲ್ಲ, ಅದು. ದನಿ ಒರಟಾಗಲಿಲ್ಲ. ನೆಗಡಿಯಾಯಿತು. ಆಮೇಲೆ ದನಿಯೇ ಅರ್ಧ ಹೋಯಿತು. ಇರುವ ಅರ್ಧ ಮಾತ್ರ ಅದ್ಭುತವಾಗಿ ಒರಟಾಗಿತ್ತು!

ಮುಂದಿನ ತೊಡಕು ಹಿನ್ನೆಲೆ ಸಂಗೀತ. ಕರೋಕೆ ಯಂತ್ರದಲ್ಲಿ ಆ ಹುಡುಗನ ಹಾಡಿನ ಟ್ರ್ಯಾಕ್ ಮಾತ್ರ ಇತ್ತು. "ಅದರ ಮೇಲೆ ಹಾಡುವುದಕ್ಕಿಂತ ಸುಮ್ಮನಿರುವುದು ಮೇಲು" ಅಂದೆ. "ಸುಮ್ಮನಿರು" ಅಂದರು ಮುರಳಿ. ಇರಲಿಲ್ಲ. ಕಾಲೇಜಿಗೆ ಹೋಗುವ ಮಗಳು ದಿಯಾಳನ್ನು ಪೀಡಿಸಿ ಇಂಟರ್‌ನೆಟ್ಟಿನಿಂದ ಮೂಲದ ಸಂಗೀತ ಹುಡುಕಿಸಿದೆ. ಅವಳು ಅದನ್ನು ಕೇಳಿ ನನ್ನನ್ನೇ ದಿಟ್ಟಿಸಿದಳು.

"ಅಮ್ಮಾ, ಡು ಯು ನೋ ದ ವರ್ಡ್ಸ್?"

"ಪೂರ್ತಿ ಬಾಯಿಪಾಠ ಕಣೇ!"

"ನೋ ಲಾ, ಐ ಮೀನ್ ದ ಮೀನಿಂಗ್."

"ಪ್ರೀತಿ ಹಾಡು. ಲೋಕಕ್ಕೇ ಗೊತ್ತು. ನೀನು ಟ್ರ್ಯಾಕ್ ಹಾಕು."

ಅವಳು ಭುಜ ಹಾರಿಸಿ ಹಾಕಿದಳು. ಹೆತ್ತ ಮಗಳು! ಇನ್ನೊಂದು ಸಲ ಹೇಳಬಾರದಿತ್ತೇ?

ಬೆಳ್ಳಿಹಬ್ಬದ ದಿನ ಕಾಂಡೋದ ಹಾಲ್ ತುಂಬಿತ್ತು. ಮುಂದಿನ ಸಾಲಿನಲ್ಲಿ ಇಪೋ ಊರಿನಿಂದ ಬಂದಿದ್ದ ಸೆಲ್ವಂ ಅಣ್ಣನ ತಾಯಿ, ಪಕ್ಕದಲ್ಲಿ ಅವರ ಮೊಮ್ಮಗಳು. ನಾನು ಮೈಕು ಹಿಡಿದು, ಮೂಲ ಗಾಯಕಿಗಾದ ಅನ್ಯಾಯದ ಬಗ್ಗೆ ಚಿಕ್ಕದೊಂದು ಭಾಷಣ ಮಾಡಿದೆ. ಚಿಕ್ಕದು ಅಂತ ನನ್ನ ಅಭಿಪ್ರಾಯ. ಅಷ್ಟರಲ್ಲಿ ಸಮೋಸ ತಣ್ಣಗಾಗಿತ್ತು ಅಂತ ಉಳಿದವರ ಅಭಿಪ್ರಾಯ.

ಮೊದಲ ಚರಣ ಅಮೋಘ. ನಿನಗಾಗಿ ಬಾಗಿಲಲ್ಲಿ ಕಾದೆ, ದೀಪ ಆರಿಸದೆ ಕೂತೆ ಅನ್ನುವ ಸಾಲುಗಳು. ಸೆಲ್ವಂ ಅಣ್ಣ ಕಮಲಾ ಅಕ್ಕನ ಕೈ ಹಿಡಿದುಕೊಂಡರು.

ಆಮೇಲೆ ಬಂತು ಎರಡನೇ ಚರಣ. ಆ ಹುಡುಗ ಕತ್ತರಿಸಿ ಎಸೆದಿದ್ದ ಚರಣ. ಏಕೆ ಎಸೆದಿದ್ದ ಅನ್ನುವುದು ಹಾಡುತ್ತ ಹಾಡುತ್ತ ನನಗೆ ಹೊಳೆಯತೊಡಗಿತು. ಹಾಸ್ಟೆಲ್ಲಿನಲ್ಲಿ ನಾನು ಕಲಿತದ್ದು ಬರೀ ಸದ್ದು. ಈಗ ನನ್ನ ಬಾಯಿಂದಲೇ ಒಂದೊಂದಾಗಿ ಅರ್ಥ ಹೊರಬೀಳುತ್ತಿತ್ತು. ನಿನ್ನ ಅಂಗಿಗಳೆಲ್ಲ ಬೀದಿಯಲ್ಲಿವೆ, ಆರಿಸಿಕೋ. ನಿನ್ನ ಸುಳ್ಳು ಸಾಕು. ಬೀಗ ಬದಲಾಯಿಸಿದ್ದೇನೆ, ಹೊರಡು!

ನಾನು ಏನು ಹೇಳುತ್ತಿದ್ದೇನೆಂದು ಅಜ್ಜಿ ಮೊಮ್ಮಗಳನ್ನು ಕೇಳಿದರು, "ಎನ್ನ ಸೊಲ್ರಾ?"

ಸರಿಯಾಗಿ ಆಗಲೇ ಸ್ಯಾಕ್ಸೋಫೋನು ಉಸಿರು ತೆಗೆದುಕೊಳ್ಳಲು ನಿಲ್ಲಬೇಕೇ? ಹಾಲ್ ನಿಶ್ಶಬ್ದ. ಮೊಮ್ಮಗಳ ದನಿ ಕೊನೆಯ ಸಾಲಿನವರೆಗೂ ಕೇಳಿಸಿತು.

"ಪಾಟಿ, ವೀಟ್ಟೈ ವಿಟ್ಟು ಪೋ-ನ್ನು ಸೊಲ್ರಾಂಗ!"

ಮನೆ ಬಿಟ್ಟು ಹೋಗು! ತಮಿಳು ಬಾರದವರಿಗೂ ಅರ್ಥವಾಗುವ ತಮಿಳು. ಅಷ್ಟೇ ಸಾಲದೆಂಬಂತೆ, ಭಾವಾಭಿನಯದ ಅಭ್ಯಾಸದಿಂದ ನನ್ನ ತೋರುಬೆರಳು ನೇರವಾಗಿ ಸೆಲ್ವಂ ಅಣ್ಣನ ಕಡೆಗೇ ಇತ್ತು.

ನಿಲ್ಲಿಸಬಹುದಿತ್ತು. ದಿಯಾ ಮೂಲೆಯಿಂದ ಕತ್ತು ಕುಯ್ಯುವ ಸನ್ನೆ ಮಾಡುತ್ತಿದ್ದಳು. ಆದರೆ ಆ ಹೆಂಗಸಿನ ಹಾಡನ್ನು ಒಬ್ಬ ಈಗಾಗಲೇ ಅರ್ಧಕ್ಕೆ ಕತ್ತರಿಸಿದ್ದಾನೆ, ನಾನೂ ಕತ್ತರಿಸಲೇ? ಎದೆಯುಬ್ಬಿಸಿ ಪೂರ್ತಿ ಹಾಡಿದೆ. ಮೂರನೇ ಚರಣ ಇನ್ನೂ ಖಾರವಾಗಿತ್ತು. ಕಮಲಾ ಅಕ್ಕ ಸೆರಗಿನಲ್ಲಿ ಮುಖ ಮುಚ್ಚಿಕೊಂಡಿದ್ದರು, ಅಳುವೋ ನಗುವೋ ತಿಳಿಯಲಿಲ್ಲ. ಸೆಲ್ವಂ ಅಣ್ಣ ಎದ್ದು ಹೊರಗೆ ಹೋದರು. ಹಾಡಿನಲ್ಲಿ ಹೇಳಿದಂತೆಯೇ!

ನಾನು ಮುಗಿಸಿದ್ದೇ ತಡ, ಕಾಂಡೋ ಸಮಿತಿಯ ಚೀನೀ ಅಂಕಲ್ ಓಡಿಬಂದು ಆ ಹುಡುಗನ ಹಾಡು ಹಾಕಿದರು. ಇಡೀ ಹಾಲ್ ಒಕ್ಕೊರಲಿನಿಂದ ಹಾಡಿತು. ಸೆಲ್ವಂ ಅಣ್ಣ ಒಳಗೆ ಬಂದರು. ಮುರಳಿ ಕೂಡ ಹಾಡುತ್ತಿದ್ದರು. ದ್ರೋಹಿ!

ಆಮೇಲೆ ಸೆಲ್ವಂ ಅಣ್ಣ ನನ್ನ ಜೊತೆ ಮಾತು ಬಿಟ್ಟರು. ಇದು ಮಾತ್ರ ನನಗೆ ನಿಜವಾಗಿ ಚುಚ್ಚಿತು. ಮುರಳಿಯ ಒತ್ತಾಯಕ್ಕೆ ಮೈಸೂರುಪಾಕು ಮಾಡಿಕೊಂಡು ಕ್ಷಮೆ ಕೇಳಲು ಹೋದೆ. ಬಾಗಿಲು ತೆಗೆದ ಕಮಲಾ ಅಕ್ಕನಿಗೆ ನನ್ನನ್ನು ಕಂಡೊಡನೆ ನಗು ತಡೆಯಲಾಗಲಿಲ್ಲ. ಅಂದರೆ ಅವತ್ತೂ ನಗುವೇ! ಸೆಲ್ವಂ ಅಣ್ಣ ಪೇಪರಿನ ಹಿಂದಿನಿಂದ ಹೊರಬರಲಿಲ್ಲ. "ಸಾರಿ ಅಣ್ಣಾ" ಅಂದೆ. ಅಲ್ಲಿಗೆ ನಿಲ್ಲಿಸಬೇಕಿತ್ತು. "ಆದ್ರೆ ನೋಡಿ, ಮೂಲ ಹಾಡಿನಲ್ಲಿ..." ಅಂತ ಶುರುವಾಗಿ, ಡಬ್ಬಿ ಅಲ್ಲೇ ಬಿಟ್ಟು ಬರುವಷ್ಟರಲ್ಲಿ ಮುಕ್ಕಾಲು ಗಂಟೆ ಕಳೆದಿತ್ತು.

"ಕ್ಷಮೆ ಕೇಳಿದ್ಯಾ?" ಅಂದರು ಮುರಳಿ.

"ಕೇಳಿದೆ. ಜೊತೆಗೆ ಸ್ವಲ್ಪ ತಿಳಿಸಿಯೂ ಹೇಳ್ದೆ."

ಅವರು ಎರಡೂ ಕೈಯಲ್ಲಿ ತಲೆ ಹಿಡಿದುಕೊಂಡರು.

ಮೊನ್ನೆ ಲಿಫ್ಟಿನಲ್ಲಿ ಸೆಲ್ವಂ ಅಣ್ಣ ಸಿಕ್ಕರು. ಇಬ್ಬರೇ. ನಾನು ಗೋಡೆ ನೋಡುತ್ತಿದ್ದೆ. ಅವರೇ ಕೆಮ್ಮಿದರು.

"ತಂಗಚ್ಚಿ, ಆ ಅಸಲಿ ಹಾಡು ಹುಡುಕಿ ಕೇಳಿದೆ. ಅವಳು ಹಾಡಿದ್ದು. ಪೂರ್ತಿ."

ಗೋಡೆ ಬಿಟ್ಟು ಅವರತ್ತ ತಿರುಗಿದೆ. "ಹೇಗಿತ್ತಣ್ಣಾ?"

"ಅಯ್ಯೋ, ಏನು ಹಾಡು! ಏನು ದನಿ! ನೀನು ಹೇಳಿದ್ದೇ ಸರಿ. ಆ ಹುಡುಗ ಅದನ್ನ ಹಾಳೇ ಮಾಡಿದಾನೆ."

ಗೆದ್ದೆ! ಇಷ್ಟು ಅವಮಾನ ಪಟ್ಟದ್ದು ಸಾರ್ಥಕವಾಯಿತು. ಅವಳಿಗೆ ನ್ಯಾಯ ಸಿಕ್ಕಿತು! "ನಾನು ಮೊದಲೇ ಹೇಳಿರಲಿಲ್ವಾ ಅಣ್ಣಾ?" ಅಂತ ಬೀಗುತ್ತಿರುವಾಗ, ಅವರು ನಿಜವಾಗಿಯೂ ತಿಳಿದುಕೊಳ್ಳಬೇಕೆಂಬ ಮುಖದಿಂದ ಕೇಳಿದರು:

"ಹೌದು, ಅವತ್ತು ನಮ್ಮ ಫಂಕ್ಷನ್ನಲ್ಲಿ ನೀನು ಹಾಡಿದ್ದು ಯಾವ ಹಾಡು?"

ಏಳನೇ ಮಹಡಿಯಲ್ಲಿ ಯಾರೋ ಲಿಫ್ಟ್ ನಿಲ್ಲಿಸಿದರು. ನಮ್ಮ ಮನೆ ಇರುವುದು ಹನ್ನೊಂದರಲ್ಲಿ. ತಲೆ ಎತ್ತಿಕೊಂಡೇ ಏಳರಲ್ಲಿ ಇಳಿದುಬಿಟ್ಟೆ.